ಮೌಸ್‌ಗೆ ಎಷ್ಟು ನೆನಪಿರಬೇಕು?

ಬೆಂಗಳೂರಿನ ಎಸ್.ಪಿ. ರೋಡಿನ ಕಂಪ್ಯೂಟರ್ ಅಂಗಡಿಗೆ ಹೋಗಿ ಗೇಮಿಂಗ್ ಮೌಸ್ ಬೇಕು ಎಂದರೆ ಕೌಂಟರಿನ ಮೇಲೆ ನಾಲ್ಕೈದು ಡಬ್ಬಿಗಳು ಬಂದು ಕೂರುತ್ತವೆ. ಒಂದರ ಮೇಲೆ 12,800 ಡಿಪಿಐ, ಪಕ್ಕದ್ದರ ಮೇಲೆ 25,600. ಏಳು ಬಟನ್, ಹನ್ನೆರಡು ಬಟನ್, ಐದು ಪ್ರೊಫೈಲ್, ಮ್ಯಾಕ್ರೋ, ಆರ್‌ಜಿಬಿ ಲೈಟು. ಅಂಗಡಿಯವರು ಸಂಖ್ಯೆ ಹೇಳುತ್ತಾರೆ, ಕೊಳ್ಳುವವರು ಸಂಖ್ಯೆ ನೋಡಿ ಕೊಳ್ಳುತ್ತಾರೆ. ಮನೆಗೆ ತಂದ ಮೇಲೆ ಬಹಳ ಮಂದಿ ಲೈಟಿನ ಬಣ್ಣ ಬದಲಾಯಿಸಿ ಅಲ್ಲಿಗೇ ಸುಮ್ಮನಾಗುತ್ತಾರೆ. ಇನ್ನು ಕೆಲವರಿಗೆ ಹುಚ್ಚು ಹಿಡಿದು, ಆಟಕ್ಕೊಂದು ಪ್ರೊಫೈಲ್, ಪಾತ್ರಕ್ಕೊಂದು ಪ್ರೊಫೈಲ್ ಮಾಡಿಕೊಂಡು, ಕೊನೆಗೆ ಯಾವ ಬಟನ್ ಎಲ್ಲಿ ಏನು ಮಾಡುತ್ತದೆ ಎಂಬುದೇ ಅವರಿಗೆ ಮರೆತುಹೋಗಿರುತ್ತದೆ.

ಪ್ರೊಫೈಲ್ ಅಂದರೆ ಆಯ್ಕೆಗಳ ಒಂದು ಕಟ್ಟು. ಮೌಸ್ ಎಷ್ಟು ಸರಿದರೆ ನೋಟ ಎಷ್ಟು ತಿರುಗಬೇಕು, ಯಾವ ಬಟನ್ ಒತ್ತಿದರೆ ಏನಾಗಬೇಕು, ಕೀ ಎಷ್ಟು ಕೆಳಗಿಳಿದರೆ ಒತ್ತಿದ ಲೆಕ್ಕ, ಇಂಥವು. ಈ ಕಟ್ಟು ಎರಡು ಬಗೆಯ ಕೆಲಸ ಮಾಡಬಲ್ಲದು. ಕೈಯ ಅಭ್ಯಾಸವನ್ನು ನೆನಪಿಟ್ಟುಕೊಳ್ಳುವುದು ಒಂದು. ಕೈ ಮಾಡಬೇಕಾದ ಕೆಲಸವನ್ನು ತಾನೇ ಮಾಡಿ ಮುಗಿಸುವುದು ಇನ್ನೊಂದು. ಆನ್‌ಲೈನ್ ಆಟಗಳ ಲೋಕದಲ್ಲಿ ಈ ವಿಷಯದ ಸುತ್ತ ನಡೆದಿರುವ ಜಗಳಗಳೆಲ್ಲ ಇವೆರಡರ ನಡುವಿನ ಗಡಿಯ ಬಗ್ಗೆಯೇ. ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ: ಆಟಕ್ಕೆ ಸೇರಿದ್ದು ಆಟದ ಸೆಟ್ಟಿಂಗ್‌ನಲ್ಲೇ ಇರಲಿ. ಮೌಸ್ ಮತ್ತು ಕೀಬೋರ್ಡ್‌ಗೆ ಅವು ತಿಳಿದಿರಲೇಬೇಕಾದ ಎರಡು ಮೂರು ಸಂಗತಿ ಮಾತ್ರ ಕಲಿಸಿದರೆ ಸಾಕು.

ಕೀಗಳ ಜೋಡಣೆ ಮೊದಲಿಗೆ ಒಬ್ಬೊಬ್ಬರ ಖಾಸಗಿ ವಿಚಾರವಾಗಿತ್ತು. ತೊಂಬತ್ತರ ದಶಕದಲ್ಲಿ ಬಹಳ ಜನ ಬಾಣದ ಕೀಗಳಲ್ಲೇ ಓಡಾಡುತ್ತಿದ್ದರು. ಇವತ್ತು ಪಿಸಿಯಲ್ಲಿ ಶೂಟಿಂಗ್ ಆಟ ಆಡುವ ಹೆಚ್ಚಿನವರು ಎಡಗೈಯನ್ನು ಡಬ್ಲ್ಯೂ-ಎ-ಎಸ್-ಡಿ ಮೇಲೆ ಇಟ್ಟುಕೊಂಡು ಕೂರುತ್ತಾರೆ. ಈ ಅಭ್ಯಾಸ ಹರಡಿದ್ದರ ಹಿಂದೆ ಡೆನಿಸ್ ಫಾಂಗ್ ಎಂಬ ಆಟಗಾರನ ದೊಡ್ಡ ಪಾಲಿದೆ. ಆಟದಲ್ಲಿ ಆತನ ಹೆಸರು ಥ್ರೆಶ್. 1997ರ ಕ್ವೇಕ್ ಪಂದ್ಯಾವಳಿಯೊಂದನ್ನು ಗೆದ್ದು, ಆ ಆಟ ಬರೆದ ಜಾನ್ ಕಾರ್ಮ್ಯಾಕ್ ಅವರ ಸ್ವಂತ ಫೆರಾರಿ ಕಾರನ್ನೇ ಬಹುಮಾನವಾಗಿ ಪಡೆದವನು ಈತ. ಅವನ ಕೀ ಜೋಡಣೆ ಹೇಗಿದೆ ಎಂದು ಎಲ್ಲರಿಗೂ ಕುತೂಹಲ. ಅವನ ಕಾನ್ಫಿಗ್ ಫೈಲ್ ಕೈಯಿಂದ ಕೈಗೆ ಹೋಯಿತು. 1998ರಲ್ಲಿ ಬಂದ ಹಾಫ್-ಲೈಫ್ ಈ ನಾಲ್ಕು ಕೀಗಳನ್ನೇ ಮೂಲ ಜೋಡಣೆಯಾಗಿ ಕೊಟ್ಟಿತು. ಅದರ ಮೇಲೆ ಕಟ್ಟಿದ ಕೌಂಟರ್-ಸ್ಟ್ರೈಕ್ ನಮ್ಮ ಊರುಗಳ ಸೈಬರ್ ಕೆಫೆಗಳಿಗೆ ಬರುವ ಹೊತ್ತಿಗೆ ಈ ಜೋಡಣೆ ಪ್ರಶ್ನೆಯೇ ಅಲ್ಲ ಎನ್ನುವಷ್ಟು ಗಟ್ಟಿಯಾಗಿತ್ತು. ಒಬ್ಬನ ಪ್ರೊಫೈಲ್ ಲೋಕದ ಡೀಫಾಲ್ಟ್ ಆಗಿಬಿಟ್ಟಿತ್ತು.

ಇದಕ್ಕೆ ಉಲ್ಟಾ ಕಥೆ ವಾರ್‌ಕ್ರಾಫ್ಟ್ 3ರದ್ದು. ಡೋಟಾ ಮೊದಲು ಅದರೊಳಗಿನ ಒಂದು ಮ್ಯಾಪ್ ಆಗಿತ್ತು. ಅಲ್ಲಿ ಪ್ರತಿ ಶಕ್ತಿಗೂ ಅದರ ಇಂಗ್ಲಿಷ್ ಹೆಸರಿನ ಒಂದು ಅಕ್ಷರವೇ ಕೀ; ನಾಯಕ ಬದಲಾದರೆ ಕೀಗಳೂ ಬದಲು. ಚೀಲದ ಆರು ವಸ್ತುಗಳಿಗೆ ಬಲಗಡೆಯ ನಂಬರ್ ಪ್ಯಾಡಿನ 7, 8, 4, 5, 1, 2. ಬಲಗೈಯಲ್ಲಿ ಮೌಸ್ ಹಿಡಿದವನು ಆ ಕೀಗಳನ್ನು ಒತ್ತಬೇಕಾದರೆ ಒಂದೋ ಮೌಸ್ ಬಿಡಬೇಕು, ಇಲ್ಲವೇ ಎಡಗೈಯನ್ನು ಇಡೀ ಕೀಬೋರ್ಡ್ ದಾಟಿಸಿ ಒಯ್ಯಬೇಕು. ಆಗ ಜನ ವಾರ್‌ಕೀಸ್‌ನಂಥ ಸಣ್ಣ ತಂತ್ರಾಂಶಗಳನ್ನು ಪೆನ್‌ಡ್ರೈವಿನಲ್ಲಿ ಹೊತ್ತು ತಿರುಗುತ್ತಿದ್ದರು. ಆಮೇಲೆ ಬಂದ ಡೋಟಾ 2 ಮತ್ತು ಲೀಗ್ ಆಫ್ ಲೆಜೆಂಡ್ಸ್ ಎರಡೂ ಕ್ಯೂ-ಡಬ್ಲ್ಯೂ-ಇ-ಆರ್ ಸಾಲನ್ನು ಒಪ್ಪಿಕೊಂಡವು. ಅಲ್ಲಿಗೆ ಆ ತಂತ್ರಾಂಶಗಳ ಅಗತ್ಯವೇ ಉಳಿಯಲಿಲ್ಲ. ಈ ಕ್ಷೇತ್ರದಲ್ಲಿ ಮತ್ತೆ ಮತ್ತೆ ಆಗುವುದು ಇದೇ: ಆಟ ತಾನೇ ಕೊಡಬೇಕಾದದ್ದನ್ನು ಕೊಡದಿದ್ದಾಗ ಹೊರಗಿನ ಸಲಕರಣೆ ಹುಟ್ಟುತ್ತದೆ, ಆಟ ಕೊಟ್ಟ ದಿನ ಅದು ಸಾಯುತ್ತದೆ.

ಈಗ ಒಂದು ಬಟನ್ ಒತ್ತಿದಾಗ ಅದರ ಅರ್ಥ ಎಲ್ಲೆಲ್ಲಿ ಬದಲಾಗಬಹುದು ನೋಡಿ. ಬಹಳಷ್ಟು ಗೇಮಿಂಗ್ ಮೌಸ್‌ಗಳ ಒಳಗೇ ಒಂದು ಸಣ್ಣ ಮೆಮೊರಿ ಇರುತ್ತದೆ. ಡಿಪಿಐ ಮತ್ತು ಬಟನ್‌ಗಳ ಕೆಲಸ ಅಲ್ಲಿ ಉಳಿಯಬಲ್ಲದು. ಅದರ ಮೇಲೆ ಕಂಪನಿಯ ತಂತ್ರಾಂಶ: ಲಾಜಿಟೆಕ್‌ನ ಜಿ ಹಬ್, ರೇಜರ್‌ನ ಸಿನಾಪ್ಸ್, ಕೋರ್ಸೇರ್‌ನ ಐಕ್ಯೂ ಇತ್ಯಾದಿ. ಅದರ ಮೇಲೆ ವಿಂಡೋಸ್. ಕೊನೆಗೆ ಆಟದ ಸ್ವಂತ ಸೆಟ್ಟಿಂಗ್. ನಾಲ್ಕು ಕಡೆಯೂ ಕೈಯಾಡಿಸಿದರೆ ಎಲ್ಲಿ ಏನು ಕೆಟ್ಟಿದೆ ಎಂದು ಹುಡುಕುವುದೇ ಒಂದು ದಿನದ ಕೆಲಸ. ಒಂದು ಉದಾಹರಣೆ: ಮೌಸಿನ ಪಕ್ಕದ ಬಟನ್ ಒತ್ತಿದರೆ ತಂಡದವರ ಜತೆ ಮಾತಾಡಲು ಮೈಕ್ ಆನ್ ಆಗಬೇಕು. ಕೆಲವರು ತಂತ್ರಾಂಶದಲ್ಲಿ ಆ ಬಟನ್‌ಗೆ ‘ವಿ’ ಅಕ್ಷರ ಕೊಟ್ಟು, ಆಟದಲ್ಲಿ ‘ವಿ’ಗೆ ಮೈಕ್ ಕೊಡುತ್ತಾರೆ. ತಂತ್ರಾಂಶ ಯಾವತ್ತೋ ಅಪ್‌ಡೇಟ್ ಆಗಿ ತೆರೆಯದೆ ಕೂತರೆ ಮೈಕೂ ಸತ್ತಿತು. ಬಟನ್ ಅನ್ನು ಹಾಗೇ ‘ಮೌಸ್ 5’ ಎಂದು ಬಿಟ್ಟು, ಆಟದ ಸೆಟ್ಟಿಂಗ್‌ನಲ್ಲಿ ನೇರವಾಗಿ ಮೌಸ್ 5ಕ್ಕೆ ಮೈಕ್ ಕೊಟ್ಟರೆ ಮಧ್ಯವರ್ತಿಯೇ ಬೇಡ.

ಆಟದೊಳಗೆ ಇಟ್ಟಿದ್ದಕ್ಕೆ ಇನ್ನೊಂದು ಅನುಕೂಲವಿದೆ, ಅದು ನಮ್ಮ ಹಿಂದೆಯೇ ಬರುತ್ತದೆ. ವ್ಯಾಲೊರಂಟ್‌ನ ಸೆಟ್ಟಿಂಗ್‌ಗಳು ಖಾತೆಯ ಜತೆ ಆ ಆಟದ ಕಂಪನಿ ರಯಟ್‌ನ ಸರ್ವರಿನಲ್ಲಿ ಉಳಿಯುತ್ತವೆ. ಕೌಂಟರ್-ಸ್ಟ್ರೈಕ್‌ನದ್ದು ಸ್ಟೀಮ್ ಕ್ಲೌಡಿಗೆ ಹೋಗುತ್ತದೆ. ಯಾವ ಕೆಫೆಯಲ್ಲಿ ಲಾಗಿನ್ ಆದರೂ ಕೀಗಳು ನಮ್ಮವೇ. ಬಹಳಷ್ಟು ಕೆಫೆಗಳಲ್ಲಿ ಕಂಪ್ಯೂಟರ್ ರೀಬೂಟ್ ಆದ ಕೂಡಲೇ ಎಲ್ಲವೂ ಮೊದಲಿನ ಸ್ಥಿತಿಗೆ ಮರಳುವಂತೆ ಮಾಡಿಟ್ಟಿರುತ್ತಾರೆ. ಅಲ್ಲಿ ಸಿನಾಪ್ಸ್ ಇಳಿಸಿ, ಪಾಸ್‌ವರ್ಡ್ ಹಾಕಿ, ಪ್ರೊಫೈಲ್ ಬರುವವರೆಗೆ ಕಾಯುವಷ್ಟರಲ್ಲಿ ಗಂಟೆಯ ದುಡ್ಡು ಓಡುತ್ತಿರುತ್ತದೆ. ಮನೆಯಿಂದ ತಂದ ಮೌಸಿನ ಮೆಮೊರಿಯಲ್ಲಿ ಡಿಪಿಐ ಕೂತಿದ್ದರೆ ಸಿಕ್ಕಿಸಿದ ಕ್ಷಣದಿಂದ ಆಡಬಹುದು. ಹಾಗಾಗಿ ಮೌಸ್ ಕೊಳ್ಳುವಾಗ ಕೇಳಬೇಕಾದ ಪ್ರಶ್ನೆ ‘ಎಷ್ಟು ಡಿಪಿಐ’ ಅಲ್ಲ, ‘ಸೆಟ್ಟಿಂಗ್ ಮೌಸಿನಲ್ಲೇ ಉಳಿಯುತ್ತದಾ’ ಎಂಬುದು.

ಡಿಪಿಐ ವಿಚಾರ ಸ್ವಲ್ಪ ವಿವರವಾಗಿಯೇ ನೋಡೋಣ, ಏಕೆಂದರೆ ಅತಿ ಹೆಚ್ಚು ಗೊಂದಲ ಇಲ್ಲಿಯೇ. ಮೌಸ್ ಒಂದು ಅಂಗುಲ ಸರಿದರೆ ಎಷ್ಟು ಎಣಿಕೆ ಕಂಪ್ಯೂಟರಿಗೆ ಕಳಿಸುತ್ತದೆ ಎಂಬುದೇ ಡಿಪಿಐ. ಆ ಎಣಿಕೆಯನ್ನು ಆಟ ತನ್ನ ಸೆನ್ಸಿಟಿವಿಟಿಯಿಂದ (ಆಟಗಾರರ ಬಾಯಲ್ಲಿ ‘ಸೆನ್ಸ್’) ಗುಣಿಸಿ ನೋಟ ತಿರುಗಿಸುತ್ತದೆ. ಕೌಂಟರ್-ಸ್ಟ್ರೈಕ್‌ನಲ್ಲಿ ಸೆನ್ಸ್ 1 ಇದ್ದಾಗ ಒಂದು ಎಣಿಕೆಗೆ 0.022 ಡಿಗ್ರಿ. ಅಂದರೆ 800 ಡಿಪಿಐ ಮೌಸ್ ಒಂದು ಅಂಗುಲ ಸರಿದರೆ 17.6 ಡಿಗ್ರಿ. ಒಂದು ಪೂರ್ತಿ ಸುತ್ತು ತಿರುಗಲು ಸುಮಾರು 20.5 ಅಂಗುಲ, ಅಂದರೆ 52 ಸೆಂಟಿಮೀಟರ್ ಮೌಸ್ ಎಳೆಯಬೇಕು. 400 ಡಿಪಿಐ ಇಟ್ಟು ಸೆನ್ಸ್ 2 ಮಾಡಿದರೂ ಅದೇ 52. ವ್ಯಾಲೊರಂಟ್‌ನಲ್ಲಿ ಒಂದು ಎಣಿಕೆಗೆ 0.07 ಡಿಗ್ರಿ. ಅದಕ್ಕೇ ಕೌಂಟರ್-ಸ್ಟ್ರೈಕ್‌ನ ಸೆನ್ಸ್ ಅನ್ನು 3.18ರಿಂದ ಭಾಗಿಸಿ ಅಲ್ಲಿ ಹಾಕುವುದು: 1 ಇದ್ದದ್ದು 0.314 ಆಗುತ್ತದೆ, ಕೈಗೆ ವ್ಯತ್ಯಾಸ ತಿಳಿಯುವುದಿಲ್ಲ.

ಈ ಲೆಕ್ಕ ಒಮ್ಮೆ ಅರ್ಥವಾದರೆ ‘ನಿನ್ನ ಸೆನ್ಸ್ ಎಷ್ಟು’ ಎಂದು ಕೇಳುವುದನ್ನು ಬಿಟ್ಟು ‘ಒಂದು ಸುತ್ತಿಗೆ ಎಷ್ಟು ಸೆಂಟಿಮೀಟರ್’ ಎಂದು ಕೇಳುತ್ತೀರಿ. ಆ ಒಂದು ಸಂಖ್ಯೆ ಸಾಕು, ಶೂಟಿಂಗ್ ಆಟ ಯಾವುದಾದರೂ ಅದಕ್ಕೆ ಹೊಂದಿಸಿಕೊಳ್ಳಬಹುದು. ಆಟಕ್ಕೊಂದು ಡಿಪಿಐ ಪ್ರೊಫೈಲ್ ಮಾಡುವ ಪ್ರಮೇಯವೇ ಬರುವುದಿಲ್ಲ. ಕೌಂಟರ್-ಸ್ಟ್ರೈಕ್‌ನ ವೃತ್ತಿಪರರಲ್ಲಿ ಹೆಚ್ಚಿನವರು ಇಂದಿಗೂ 400 ಅಥವಾ 800ರಲ್ಲೇ ಇದ್ದಾರೆ. ಡಬ್ಬಿಯ ಮೇಲಿನ 25,600 ಅವರಿಗೆ ಯಾವ ಉಪಯೋಗಕ್ಕೂ ಬಂದಿಲ್ಲ. ಆದರೆ 52 ಸೆಂಟಿಮೀಟರಿಗೆ ಜಾಗ ಬೇಕಲ್ಲ! ಹಾಸ್ಟೆಲ್ ಮೇಜಿನ ಮೇಲೆ ಲ್ಯಾಪ್‌ಟಾಪು, ಪುಸ್ತಕ, ನೀರಿನ ಬಾಟಲಿ ಎಲ್ಲ ಇಟ್ಟು ಉಳಿದ ಒಂದು ಗೇಣಿನಲ್ಲಿ ಮೌಸ್ ಆಡಿಸುವವನಿಗೆ ಯಾರೋ ಚಾಂಪಿಯನ್ನಿನ ಸೆನ್ಸ್ ಹಾಕಿಕೊಂಡು ಏನೂ ಸಿಗುವುದಿಲ್ಲ. ಮೊದಲು ಮೇಜು ಅಳೆಯಿರಿ. ಹಿಂದಕ್ಕೆ ತಿರುಗುವುದು, ಅಂದರೆ ಅರ್ಧ ಸುತ್ತು, ಮೌಸ್ ಪ್ಯಾಡಿನ ಒಂದೇ ಎಳೆತದಲ್ಲಿ ಆಗಬೇಕು. ಅಲ್ಲಿಂದ ಲೆಕ್ಕ ಹಿಂದಕ್ಕೆ ಹಾಕಿದರೆ ನಿಮ್ಮ ಸೆನ್ಸ್ ಸಿಗುತ್ತದೆ.

ಮೌಸಿನಲ್ಲಿ ಇನ್ನೆರಡು ಕೆಲಸ. ಚಕ್ರದ ಹಿಂದಿರುವ ಡಿಪಿಐ ಬಟನ್ ಆಟದ ನಡುವೆ ಬೆರಳು ತಗುಲಿ ಒತ್ತಿಹೋದರೆ ನೋಟ ಆಕಾಶಕ್ಕೆ ಹಾರುತ್ತದೆ. ಒಂದೇ ಹಂತ ಉಳಿಸಿ ಉಳಿದ ಹಂತಗಳನ್ನೆಲ್ಲ ತೆಗೆದುಬಿಡಿ. ಎರಡನೆಯದು ವಿಂಡೋಸ್‌ನ ‘ಎನ್‌ಹ್ಯಾನ್ಸ್ ಪಾಯಿಂಟರ್ ಪ್ರಿಸಿಷನ್’. ಮೌಸ್ ವೇಗವಾಗಿ ಎಳೆದರೆ ಹೆಚ್ಚು ದೂರ, ನಿಧಾನವಾಗಿ ಎಳೆದರೆ ಕಡಿಮೆ ದೂರ ಹೋಗುವಂತೆ ಮಾಡುವ ಈ ಸೌಲಭ್ಯವನ್ನು ಶೂಟಿಂಗ್ ಆಟದವರು ಆಫ್ ಮಾಡಿರಬೇಕು, ಅಥವಾ ವಿಂಡೋಸ್‌ನ ತಿದ್ದುಪಡಿಯನ್ನು ದಾಟಿ ಮೌಸಿನ ಎಣಿಕೆಯನ್ನು ನೇರವಾಗಿ ಓದುವ ರಾ ಇನ್‌ಪುಟ್ ಆಟದಲ್ಲಿ ಆನ್ ಇರಬೇಕು. ಪೋಲಿಂಗ್ ರೇಟ್ ಬಗ್ಗೆ ಜಾಹೀರಾತುಗಳ ಗದ್ದಲ ಬಹಳ. ಸಾಮಾನ್ಯ ಮೌಸ್ ಸೆಕೆಂಡಿಗೆ 125 ಬಾರಿ, ಅಂದರೆ 8 ಮಿಲಿಸೆಕೆಂಡಿಗೊಮ್ಮೆ ವರದಿ ಕಳಿಸುತ್ತದೆ. 1000ಕ್ಕೆ ಏರಿಸಿದರೆ 1 ಮಿಲಿಸೆಕೆಂಡ್. ಇದು ಕೈಗೆ ಗೊತ್ತಾಗುವ ಸುಧಾರಣೆ. 8000ದಲ್ಲಿ ಉಳಿಯುವುದು ಮಿಲಿಸೆಕೆಂಡಿನ ಚೂರುಗಳು ಮಾತ್ರ, ಪ್ರೊಸೆಸರಿನ ಮೇಲೆ ಬೀಳುವ ಭಾರ ಮಾತ್ರ ನಿಜ. 60 ಹರ್ಟ್ಸ್ ಮಾನಿಟರಿನಲ್ಲಿ ಒಂದು ಚಿತ್ರದಿಂದ ಇನ್ನೊಂದಕ್ಕೆ 16.7 ಮಿಲಿಸೆಕೆಂಡ್ ಹಿಡಿಯುವಾಗ ದುಡ್ಡು ಮೊದಲು ಮಾನಿಟರಿಗೆ ಹೋಗಬೇಕು.

ಕೀಬೋರ್ಡಿನ ಸಮಸ್ಯೆಗಳು ಬೇರೆ ಜಾತಿಯವು. ಅಗ್ಗದ ಕೀಬೋರ್ಡುಗಳಲ್ಲಿ ಕೆಲವು ಜೋಡಿ ಕೀಗಳನ್ನು ಒಟ್ಟಿಗೆ ಒತ್ತಿ ಹಿಡಿದಾಗ ಮೂರನೆಯದು ದಾಖಲಾಗುವುದೇ ಇಲ್ಲ. ಓಡುತ್ತಾ, ಪಕ್ಕಕ್ಕೆ ಸರಿಯುತ್ತಾ ಜಿಗಿಯಬೇಕೆಂದಾಗ ಜಿಗಿತ ಬರದೇ ಇರುವುದಕ್ಕೆ ಇದೂ ಕಾರಣವಿರಬಹುದು. ಯಾವ ತಂತ್ರಾಂಶದ ಪ್ರೊಫೈಲೂ ಇದನ್ನು ಸರಿಮಾಡಲಾರದು, ಸರ್ಕ್ಯೂಟೇ ಹಾಗಿರುತ್ತದೆ. ಅಂಗಡಿಯಲ್ಲೇ ಪರೀಕ್ಷಿಸಬಹುದು: ನೋಟ್‌ಪ್ಯಾಡ್ ತೆರೆದು, ಎರಡೂ ಶಿಫ್ಟ್ ಕೀಗಳನ್ನು ಒತ್ತಿ ಹಿಡಿದು ಒಂದು ಸಾಲು ಇಂಗ್ಲಿಷ್ ಟೈಪ್ ಮಾಡಿ. ಅಕ್ಷರಗಳು ಬಿಟ್ಟುಹೋದರೆ ಆ ಕೀಬೋರ್ಡಿನ ಯೋಗ್ಯತೆ ತಿಳಿಯಿತು. ಅದೇ ಶಿಫ್ಟ್ ಕೀಯನ್ನು ಐದು ಸಲ ಪಟಪಟ ಒತ್ತಿದರೆ ವಿಂಡೋಸ್ ‘ಸ್ಟಿಕಿ ಕೀಸ್ ಬೇಕೇ’ ಎಂದು ಕಿಟಕಿ ತೆರೆದು ಕೇಳುತ್ತದೆ. ಎದುರಾಳಿ ಗುಂಡು ಹೊಡೆಯುತ್ತಿರುವಾಗ ಕೇಳುತ್ತದೆ. ಅದರ ಶಾರ್ಟ್‌ಕಟ್ ಮೊದಲೇ ತೆಗೆದಿಡುವುದು ಒಳ್ಳೆಯದು.

ಕನ್ನಡದಲ್ಲಿ ಟೈಪ್ ಮಾಡುವವರಿಗೆ ಮಾತ್ರ ಬರುವ ಒಂದು ತಾಪತ್ರಯವೂ ಇದೆ. ವಿಂಡೋಸ್‌ನಲ್ಲಿ ಇಂಗ್ಲಿಷ್ ಜತೆಗೆ ಕನ್ನಡದ ವಿನ್ಯಾಸವನ್ನೂ ಹಾಕಿಕೊಂಡಿದ್ದರೆ ಎಡಗಡೆಯ ಆಲ್ಟ್ ಮತ್ತು ಶಿಫ್ಟ್ ಒಟ್ಟಿಗೆ ಒತ್ತಿದಾಗ ಭಾಷೆ ಬದಲಾಗುತ್ತದೆ. ಡೋಟಾ 2ರಲ್ಲಿ ಶಿಫ್ಟ್ ಹಿಡಿದು ಆಜ್ಞೆಗಳನ್ನು ಸಾಲಾಗಿ ಕೊಡುತ್ತಾರೆ, ಆಲ್ಟ್ ಹಿಡಿದು ಕ್ಲಿಕ್ ಮಾಡಿ ತಂಡಕ್ಕೆ ಸೂಚನೆ ಕೊಡುತ್ತಾರೆ; ಎರಡೂ ಒಟ್ಟಿಗೆ ಬೀಳುವುದು ಮಾಮೂಲು. ಆಮೇಲೆ ಚಾಟ್ ತೆರೆದು ಬರೆಯಹೋದರೆ ಇನ್‌ಸ್ಕ್ರಿಪ್ಟ್‌ನಲ್ಲಿ ಡಬ್ಲ್ಯೂ ಕೀಗೆ ಐತ್ವ, ಎಸ್‌ಗೆ ಏತ್ವದ ದೀರ್ಘ, ಡಿಗೆ ಅರ್ಧಾಕ್ಷರದ ಚಿಹ್ನೆ. ಅಕ್ಷರವಿಲ್ಲದ ಬರೀ ಕೊಂಬು-ದೀರ್ಘಗಳ ಸಾಲನ್ನು ನೋಡಿ ಸಿಂಗಪುರದ ಸರ್ವರಿನಲ್ಲಿರುವ ಜತೆಗಾರ ಏನೆಂದುಕೊಳ್ಳುತ್ತಾನೋ. ಹೆಚ್ಚಿನ ಆಟಗಳು ಕೀ ಇರುವ ಜಾಗ ನೋಡುತ್ತವೆಯೇ ಹೊರತು ಅಕ್ಷರವನ್ನಲ್ಲ, ಹಾಗಾಗಿ ಓಡಾಟ ನಿಲ್ಲುವುದಿಲ್ಲ; ಆದರೆ ಅಕ್ಷರ ನೋಡುವ ಆಟ ಸಿಕ್ಕರೆ ನಾಯಕ ನಿಂತಲ್ಲೇ ನಿಲ್ಲುತ್ತಾನೆ. ವಿಂಡೋಸ್‌ನ ಭಾಷಾ ಸೆಟ್ಟಿಂಗ್‌ಗೆ ಹೋಗಿ ಆಲ್ಟ್-ಶಿಫ್ಟ್ ಅನ್ನು ತೆಗೆದುಹಾಕಿ, ಭಾಷೆ ಬದಲಿಸಲು ವಿಂಡೋಸ್ ಕೀ ಮತ್ತು ಸ್ಪೇಸ್ ಜೋಡಿಯನ್ನೇ ಬಳಸಿದರೆ ಈ ಪೀಡೆ ತೊಲಗುತ್ತದೆ.

ಹೆಚ್ಚು ಬಟನ್ ನಿಜವಾಗಿ ಬೇಕಾಗುವ ಜಾಗವೂ ಇದೆ. ವರ್ಲ್ಡ್ ಆಫ್ ವಾರ್‌ಕ್ರಾಫ್ಟ್‌ನಂಥ ಆಟದಲ್ಲಿ ಒಬ್ಬ ಪಾತ್ರಕ್ಕೆ ಇಪ್ಪತ್ತು ಮೂವತ್ತು ಶಕ್ತಿಗಳು ಇರಬಹುದು. 2009ರಲ್ಲಿ ರೇಜರ್ ತಂದ ನಾಗಾ ಮೌಸಿನ ಪಕ್ಕದಲ್ಲಿ ಹೆಬ್ಬೆರಳಿಗೇ ಹನ್ನೆರಡು ಬಟನ್. ಇಲ್ಲಿ ಒಂದು ಸೂಕ್ಷ್ಮವಿದೆ. ಆ ಹನ್ನೆರಡನ್ನು ಮೇಲಿನ ಅಂಕಿ ಸಾಲಿನ ನಕಲಾಗಿ ಬಿಟ್ಟರೆ ಹೊಸದೇನೂ ಸಿಕ್ಕಂತಲ್ಲ, ಇದ್ದ ಕೀಗಳೇ ಇನ್ನೊಂದು ಜಾಗದಲ್ಲಿ ಬಂದಂತೆ. ಅವನ್ನು ನಂಬರ್ ಪ್ಯಾಡಿನ ಕೀಗಳಾಗಿ ಬದಲಿಸಿದರೆ ಎಡಗೈಯ ಅಂಕಿ ಸಾಲು ಉಳಿಯುತ್ತದೆ, ಬಲ ಹೆಬ್ಬೆರಳಿಗೆ ಬೇರೆಯೇ ಕೀಗಳು ಸಿಗುತ್ತವೆ. ಕಂಟ್ರೋಲ್, ಆಲ್ಟ್ ಜತೆ ಸೇರಿಸಿದರೆ ಅವೇ ಮೂರು ಪಟ್ಟು. ಹಾಗೆಂದು ಹನ್ನೆರಡನ್ನೂ ಮೊದಲ ದಿನವೇ ತುಂಬಬೇಡಿ. ಹೆಬ್ಬೆರಳು ನೋಡದೆ ಗುರುತಿಸುವುದು ಮೊದಲು ಮಧ್ಯದ ಮೂರು ನಾಲ್ಕನ್ನು ಮಾತ್ರ. ಪ್ರಾಣ ಉಳಿಸುವ ಶಕ್ತಿಗಳು ಅಲ್ಲಿರಲಿ, ಕುದುರೆ ಹತ್ತುವ ಬಟನ್ ಮೂಲೆಗೆ ಹೋಗಲಿ. ಫೋರ್ಟ್‌ನೈಟ್‌ನವರು ಗೋಡೆ, ಮೆಟ್ಟಿಲುಗಳನ್ನು ಪಕ್ಕದ ಎರಡು ಬಟನ್‌ಗೆ ಕೊಡುವುದೂ ಇದೇ ತರ್ಕದಿಂದ: ಕಾಲು ಓಡಿಸುವ ಬೆರಳುಗಳನ್ನು ಎಬ್ಬಿಸದೆ ಕೆಲಸ ಆಗಬೇಕು.

ಇಲ್ಲಿಯವರೆಗೆ ಹೇಳಿದ್ದೆಲ್ಲ ನೆನಪಿನ ಕೆಲಸ. ಒಂದು ಒತ್ತು, ಒಂದು ಕ್ರಿಯೆ. ಮ್ಯಾಕ್ರೋ ಬಂದ ಕೂಡಲೇ ಲೆಕ್ಕ ಬದಲಾಗುತ್ತದೆ. ಒಂದು ಒತ್ತಿಗೆ ಹತ್ತು ಕ್ರಿಯೆಗಳು, ನಡುವೆ ಇಷ್ಟಿಷ್ಟು ಮಿಲಿಸೆಕೆಂಡ್ ವಿರಾಮ, ಎಲ್ಲವನ್ನೂ ತಂತ್ರಾಂಶ ದಾಖಲಿಸಿ ಮರಳಿ ಆಡಿಸುತ್ತದೆ. ಲಾಜಿಟೆಕ್‌ನ ತಂತ್ರಾಂಶದಲ್ಲಿ ಲುವಾ ಭಾಷೆಯಲ್ಲಿ ಪುಟ್ಟ ಪ್ರೋಗ್ರಾಮನ್ನೇ ಬರೆಯಬಹುದು. ಬಂದೂಕು ಗುಂಡು ಹಾರಿಸುವಾಗ ಮೇಲಕ್ಕೇಳುವುದನ್ನು ತಡೆಯಲು ಮೌಸನ್ನು ತಾನಾಗಿಯೇ ಕೆಳಕ್ಕೆಳೆಯುವ ಸ್ಕ್ರಿಪ್ಟುಗಳು ಹರಿದಾಡುತ್ತಿರುವುದು ಹೀಗೆಯೇ. ಹತ್ತಾರು ಗಂಟೆ ಅಭ್ಯಾಸ ಮಾಡಿ ಆ ಎಳೆತ ಕಲಿತವನಿಗೂ, ಕಲಿಯದೆ ಫೈಲ್ ಇಳಿಸಿಕೊಂಡವನಿಗೂ ಒಂದೇ ಅಂಕ. ಇದಕ್ಕೆ ನಾನು ಮೋಸ ಎಂದೇ ಹೇಳುತ್ತೇನೆ. ಕಂಪನಿಯ ಅಧಿಕೃತ ತಂತ್ರಾಂಶದಲ್ಲೇ ಇದೆಯಲ್ಲ ಎಂಬ ವಾದ ಪಂದ್ಯಾವಳಿಗಳಲ್ಲಿ ನಡೆಯುವುದಿಲ್ಲ ಎನ್ನುವುದಕ್ಕೆ 2018ರ ಪ್ರಕರಣವೇ ಸಾಕ್ಷಿ. ಡೋಟಾ 2ರ ದಿ ಇಂಟರ್‌ನ್ಯಾಷನಲ್‌ನ ದಕ್ಷಿಣ ಅಮೆರಿಕ ಅರ್ಹತಾ ಸುತ್ತಿನಲ್ಲಿ ಥಂಡರ್ ಪ್ರೆಡೇಟರ್ ತಂಡ ಅನರ್ಹವಾಯಿತು. ಆ ತಂಡದ ಆಟಗಾರನೊಬ್ಬ ಮೀಪೊ ಎಂಬ ನಾಯಕನ ತದ್ರೂಪಿಗಳೆಲ್ಲರಿಗೂ ಪ್ರೋಗ್ರಾಮ್ ಮಾಡಿದ ಮೌಸಿನಿಂದ ಒಟ್ಟಿಗೇ ಆಜ್ಞೆ ಕೊಟ್ಟಿದ್ದ. ವಾರ್‌ಕ್ರಾಫ್ಟ್ ಆಟಗಳನ್ನು ತಯಾರಿಸುವ ಬ್ಲಿಝರ್ಡ್ ಕೂಡ 2020ರ ಕೊನೆಯಲ್ಲಿ, ಒಂದು ಒತ್ತನ್ನು ಹಲವು ಖಾತೆಗಳಿಗೆ ಏಕಕಾಲಕ್ಕೆ ಹರಿಸುವ ತಂತ್ರಾಂಶಗಳನ್ನು ವರ್ಲ್ಡ್ ಆಫ್ ವಾರ್‌ಕ್ರಾಫ್ಟ್‌ನಿಂದ ಹೊರಗಟ್ಟಿತು.

ಆಮೇಲೆ ಗಡಿ ಇನ್ನೂ ಮಸುಕಾಯಿತು. ಕೌಂಟರ್-ಸ್ಟ್ರೈಕ್‌ನಲ್ಲಿ ಓಡುತ್ತಾ ಹೊಡೆದರೆ ಗುಂಡು ಗುರಿಗೆ ಹೋಗುವುದಿಲ್ಲ. ನಿಲ್ಲಬೇಕು, ಬೇಗ ನಿಲ್ಲಬೇಕಾದರೆ ‘ಡಿ’ ಬಿಟ್ಟು ಅರೆಕ್ಷಣ ‘ಎ’ ಒತ್ತಬೇಕು. ಎರಡು ಕೀಗಳ ನಡುವಿನ ಆ ಕ್ಷಣವನ್ನು ಸರಿಯಾಗಿ ಹಿಡಿಯುವುದು ಈ ಆಟದ ಮೂಲ ವಿದ್ಯೆಗಳಲ್ಲೊಂದು. ವೂಟಿಂಗ್ ಕಂಪನಿಯ ಆಯಸ್ಕಾಂತದ ಸ್ವಿಚ್‌ಗಳು ಕೀ ಎಷ್ಟು ಆಳದಲ್ಲಿದೆ ಎಂದು ಮಿಲಿಮೀಟರಿನ ಹತ್ತನೇ ಒಂದು ಪಾಲಿನವರೆಗೆ ಅಳೆದು, ಬೆರಳು ಸ್ವಲ್ಪ ಮೇಲೆದ್ದರೂ ‘ಬಿಟ್ಟಿತು’ ಎಂದು ತಿಳಿಸತೊಡಗಿದವು. ಇದನ್ನು ಎಲ್ಲರೂ ಒಪ್ಪಿದರು, ಏಕೆಂದರೆ ಬೆರಳು ಮಾಡಿದ್ದನ್ನೇ ಅದು ಬೇಗ ಹೇಳುತ್ತದೆ ಅಷ್ಟೆ. 2024ರ ಜುಲೈನಲ್ಲಿ ರೇಜರ್ ತನ್ನ ಕೀಬೋರ್ಡಿಗೆ ಸ್ನ್ಯಾಪ್ ಟ್ಯಾಪ್ ಎಂಬ ಸೌಲಭ್ಯ ಕೊಟ್ಟಿತು: ಎರಡು ಕೀ ಒಟ್ಟಿಗೆ ಒತ್ತಿದ್ದರೂ ಕೊನೆಗೆ ಒತ್ತಿದ್ದು ಮಾತ್ರ ಲೆಕ್ಕ, ಮೊದಲನೆಯದನ್ನು ಕೀಬೋರ್ಡೇ ಬಿಡಿಸುತ್ತದೆ. ಆ ಕ್ಷಣ ಹಿಡಿಯುವ ವಿದ್ಯೆ ಯಂತ್ರಕ್ಕೆ ಹೋಯಿತು. ಆಟ ತಯಾರಿಸಿದ ವಾಲ್ವ್ ಕಂಪನಿ ಆಗಸ್ಟ್‌ನಲ್ಲೇ ಕೌಂಟರ್-ಸ್ಟ್ರೈಕ್ 2ರ ಅಧಿಕೃತ ಸರ್ವರುಗಳಲ್ಲಿ ಇಂಥ ನೆರವನ್ನು ಪತ್ತೆ ಹಚ್ಚಿ ಆಟಗಾರರನ್ನು ಪಂದ್ಯದಿಂದ ಹೊರಹಾಕಲು ಶುರುಮಾಡಿತು. ಆಟದೊಳಗಿನ ಒಂದೇ ಕೀಗೆ ಎರಡು ಚಲನೆ ಕಟ್ಟುವ ಹಳೆಯ ಬೈಂಡ್‌ಗಳನ್ನೂ ನಿಲ್ಲಿಸಿತು.

ಈ ತೀರ್ಮಾನ ಸರಿ ಎಂದೇ ನನಗೆ ಕಾಣುತ್ತದೆ, ಆದರೆ ಅದರ ಪರಿಣಾಮ ತಿಳಿದಿರಲಿ. ಕೀಬೋರ್ಡಿನೊಳಗೇ ಉಳಿದ ಪ್ರೊಫೈಲ್ ಯಾವ ಆಟ ತೆರೆದಿದೆ ಎಂದು ನೋಡುವುದಿಲ್ಲ. ಬೇರೆ ಆಟಕ್ಕೆಂದು ಸ್ನ್ಯಾಪ್ ಟ್ಯಾಪ್ ಆನ್ ಮಾಡಿ ಮರೆತವನು ಕೌಂಟರ್-ಸ್ಟ್ರೈಕ್‌ಗೆ ಬಂದು ಹೊರಬೀಳುತ್ತಾನೆ. ಅದೇ ರೀತಿ ಸೆಕೆಂಡ್‌ಹ್ಯಾಂಡ್ ಮೌಸ್ ಕೊಂಡವರು ಮೊದಲು ಅದನ್ನು ಫ್ಯಾಕ್ಟರಿ ಸ್ಥಿತಿಗೆ ತರಬೇಕು. ಹಿಂದಿನವನ ಮ್ಯಾಕ್ರೋ ಮೆಮೊರಿಯಲ್ಲೇ ಕೂತಿರಬಹುದು. ಪಂದ್ಯಾವಳಿಗಳಲ್ಲಂತೂ ಈ ಎಚ್ಚರ ಇನ್ನೂ ಹೆಚ್ಚು ಬೇಕು. ಶಾಂಘೈನಲ್ಲಿ 2018ರಲ್ಲಿ ನಡೆದ ಕೌಂಟರ್-ಸ್ಟ್ರೈಕ್ ಪಂದ್ಯಾವಳಿಯಲ್ಲಿ ಆಪ್ಟಿಕ್ ಇಂಡಿಯಾ ತಂಡದ ಆಟಗಾರನೊಬ್ಬ ಗುರಿ ಹಿಡಿದುಕೊಡುವ ತಂತ್ರಾಂಶದೊಂದಿಗೆ ಸಿಕ್ಕಿಬಿದ್ದದ್ದು ಮ್ಯಾಕ್ರೋಗಿಂತ ಎಷ್ಟೋ ದೊಡ್ಡ ಅಪರಾಧ. ಆದರೂ ಅಂಥದ್ದನ್ನು ಕಣ್ಣಾರೆ ಕಂಡ ಆಯೋಜಕರು ಆಟಗಾರನ ಮೌಸ್, ಪೆನ್‌ಡ್ರೈವ್, ಕಾನ್ಫಿಗ್ ಎಲ್ಲವನ್ನೂ ಅನುಮಾನದಿಂದಲೇ ನೋಡಿದರೆ ತಪ್ಪು ಹೇಳುವಂತಿಲ್ಲ.

ತಂತ್ರಾಂಶ ಕಡಿಮೆ ಇರಲಿ ಎನ್ನುವುದಕ್ಕೆ ಭದ್ರತೆಯ ಕಾರಣವೂ ಉಂಟು. 2021ರಲ್ಲಿ ಬಯಲಾದ ದೋಷವೊಂದರಲ್ಲಿ, ವಿಂಡೋಸ್ ಕಂಪ್ಯೂಟರಿಗೆ ರೇಜರ್ ಮೌಸ್ ಸಿಕ್ಕಿಸಿದರೆ ಸಿನಾಪ್ಸ್‌ನ ಇನ್‌ಸ್ಟಾಲರ್ ತಾನಾಗಿ ಇಳಿದು ಅತ್ಯುನ್ನತ ಅಧಿಕಾರದಲ್ಲಿ ಓಡುತ್ತಿತ್ತು. ಎಲ್ಲಿ ಇನ್‌ಸ್ಟಾಲ್ ಮಾಡಬೇಕು ಎಂದು ಅದು ಕೇಳುವ ಕಿಟಕಿಯಿಂದಲೇ ಇಡೀ ಕಂಪ್ಯೂಟರಿನ ಹಿಡಿತ ಪಡೆಯಬಹುದಿತ್ತು. ಅದನ್ನು ಸರಿಪಡಿಸಿದ್ದಾರೆ. ಆದರೆ ಮೌಸಿಗೊಂದು, ಹೆಡ್‌ಫೋನಿಗೊಂದು, ಕೀಬೋರ್ಡಿಗೊಂದು ಸದಾ ಓಡುವ ತಂತ್ರಾಂಶ ಇಟ್ಟುಕೊಳ್ಳುವವರು ನೆನಪಿಡಬೇಕಾದ ಘಟನೆ ಅದು. ಸಂತೋಷದ ವಿಷಯವೆಂದರೆ ವೂಟಿಂಗ್‌ನ ಸೆಟ್ಟಿಂಗ್ ಪುಟ ಮತ್ತು ಅನೇಕ ಕೀಬೋರ್ಡುಗಳಿಗೆ ಹೊಂದುವ ವಿಐಎ ಎಂಬ ತಂತ್ರಾಂಶ ಈಗ ಬ್ರೌಸರಿನಲ್ಲೇ ತೆರೆಯುತ್ತವೆ. ಬದಲಿಸಿ, ಉಳಿಸಿ, ಟ್ಯಾಬ್ ಮುಚ್ಚಿದರೆ ಮುಗಿಯಿತು. ಲಿನಕ್ಸ್ ಬಳಸುವವರಿಗೆ ಪೈಪರ್ ಎಂಬ ಮುಕ್ತ ತಂತ್ರಾಂಶ ಬಹಳಷ್ಟು ಮೌಸ್‌ಗಳಿಗೆ ಇದೇ ಕೆಲಸ ಮಾಡಿಕೊಡುತ್ತದೆ.

ಒಂದು ಒತ್ತು, ಒಂದು ಕ್ರಿಯೆ ಎಂಬ ನಿಯಮಕ್ಕೆ ಎದುರಾಗಿ ನಿಲ್ಲುವವರಲ್ಲಿ ಒಂದು ವರ್ಗದ ಮಾತನ್ನು ತಳ್ಳಿಹಾಕಲಾಗದು. ಒಂದೇ ಕೈಯಲ್ಲಿ ಆಡುವವರು, ಬೆರಳಲ್ಲಿ ಬಲವಿಲ್ಲದವರು, ಕೀಯನ್ನು ಹೊತ್ತುಗಟ್ಟಲೆ ಒತ್ತಿ ಹಿಡಿಯಲಾಗದವರು. ಅವರಿಗೆ ಕೀಗಳನ್ನು ಬೇರೆಡೆಗೆ ಒಯ್ಯುವುದು ಐಷಾರಾಮವಲ್ಲ. ಮೈಕ್ರೋಸಾಫ್ಟ್ 2018ರಲ್ಲಿ ತಂದ ಎಕ್ಸ್‌ಬಾಕ್ಸ್ ಅಡಾಪ್ಟಿವ್ ಕಂಟ್ರೋಲರಿಗೆ ಕಾಲಿನಿಂದ ಒತ್ತುವ ಪೆಡಲಿನಿಂದ ಹಿಡಿದು ದೊಡ್ಡ ಗುಂಡಿಗಳವರೆಗೆ ಏನನ್ನಾದರೂ ಸಿಕ್ಕಿಸಬಹುದು. ಅದರ ಜತೆ ಮೌಸಿನ ಪಕ್ಕದ ಬಟನ್‌ಗಳಿಗೆ ಓಡಾಟವನ್ನೇ ಕೊಟ್ಟು ಬಲಗೈ ಒಂದರಲ್ಲೇ ಆಡುವವರಿದ್ದಾರೆ. ಇವರಿಗೆ ಬೇಕಾದ ‘ಒಮ್ಮೆ ಒತ್ತಿದರೆ ಹಿಡಿದಂತೆ’ ಎಂಬ ಸೌಲಭ್ಯವನ್ನು ಮ್ಯಾಕ್ರೋದಿಂದ ಮಾಡಿದರೆ ಮೋಸ ಪತ್ತೆ ಹಚ್ಚುವ ವ್ಯವಸ್ಥೆಯ ಕಣ್ಣಿಗೆ ಬೀಳುವ ಅಪಾಯವಿದೆ. ಬಾಗುವುದು, ನಡೆಯುವುದು, ಗುರಿ ಹಿಡಿಯುವುದು ಇವಕ್ಕೆ ‘ಹಿಡಿಯುವುದೋ, ಒಮ್ಮೆ ಒತ್ತುವುದೋ’ ಎಂಬ ಆಯ್ಕೆಯನ್ನು ಆಟವೇ ತನ್ನ ಸೆಟ್ಟಿಂಗ್‌ನಲ್ಲಿ ಕೊಟ್ಟಾಗ ಆ ಅಪಾಯವಿಲ್ಲ. ವ್ಯಾಲೊರಂಟ್, ಕೌಂಟರ್-ಸ್ಟ್ರೈಕ್ 2 ಈಗಾಗಲೇ ಇವುಗಳಲ್ಲಿ ಕೆಲವಕ್ಕಾದರೂ ಈ ಆಯ್ಕೆ ಕೊಡುತ್ತವೆ. ಕೊಡದ ಆಟದವರನ್ನು ಕೇಳುವುದು ಎರಡೂ ಕೈ ನೆಟ್ಟಗಿರುವ ಆಟಗಾರರ ಕೆಲಸವೂ ಹೌದು.